ಮುಚ್ಚಿದ ಮೇಲೆ ಬೆಳೆದ ರೈಲ್ವೆ

ಕುವೈತಿನ ಏಕೈಕ ರೈಲ್ವೆ ಕಂಪೆನಿಯನ್ನು ನಡೆಸುತ್ತಿರುವವರು ನನ್ನ ಸೋದರಮಾವ, ಅಂದರೆ ನಮ್ಮ ಮಾಮ್! ಕುವೈತಿನಲ್ಲಿ ರೈಲೇ ಇಲ್ಲವಲ್ಲ ಎನ್ನುತ್ತೀರಾ? ಅವರಿಗೆ ಅದೊಂದು ಅಡ್ಡಿಯೇ ಅಲ್ಲ. ಅವರ ಕಂಪೆನಿ ಮುಚ್ಚಿಯೇ ನೂರು ವರ್ಷ ದಾಟಿದೆ.

ಹತ್ತೊಂಬತ್ತನೆಯ ಶತಮಾನದ ಕೊನೆಗೆ ನಮ್ಮ ಕರಾವಳಿಯ ನಾಲ್ಕಾರು ಹೆಂಚಿನ ವ್ಯಾಪಾರಿಗಳು ಸೇರಿ ಅದನ್ನು ಕಟ್ಟಿದರಂತೆ. ಬಂದರಿನಿಂದ ಘಟ್ಟದ ಕಡೆಗೆ ಹಳಿ. ಹೆಂಚು ಮೇಲಕ್ಕೆ, ಕಾಫಿ ಕೆಳಕ್ಕೆ. ಎರಡು ಮಳೆಗಾಲ ಕಳೆಯುವುದರೊಳಗೆ ಬಾಗಿಲು ಹಾಕಿತಂತೆ. ಮಾಮ್ ಅವರ ಮುತ್ತಜ್ಜ ಅದರ ಸ್ಟೇಷನ್ ಮಾಸ್ಟರ್. ಇಷ್ಟು ಸ್ಥಿರ, ಉಳಿದದ್ದೆಲ್ಲ ಅವರ ಮನೆಯ ರಜೆಯೂಟದ ಶುಕ್ರವಾರದಿಂದ ಶುಕ್ರವಾರಕ್ಕೆ ಬದಲಾಗುತ್ತದೆ. ನಾನು ಮೊದಲು ಕೇಳಿದಾಗ ಹಳಿ ಊರಾಚೆಯ ತೋಡಿನವರೆಗೆ ಮಾತ್ರ ಬಿದ್ದಿತ್ತು. ನನ್ನ ವಾಸದ ಪರವಾನಗಿ, ಇಕಾಮಾ, ಎರಡನೇ ಸಲ ನವೀಕರಣವಾಗುವ ಹೊತ್ತಿಗೆ ಘಟ್ಟದ ಬುಡ ಮುಟ್ಟಿತ್ತು. ಮುಚ್ಚಿದ ಮೇಲೆ ಇಷ್ಟು ಹಳಿ ಹಾಕಿದ ಕಂಪೆನಿ ಜಗತ್ತಿನಲ್ಲಿ ಇನ್ನೊಂದಿದೆಯೇ?

ಒಮ್ಮೆ ತಮಗೆ ವೀಸಾ ಕೊಟ್ಟ ಅರಬ್ ಧಣಿ, ಕಫೀಲನಿಗೂ ಈ ಇತಿಹಾಸ ಒಪ್ಪಿಸಿದರು. ಹೋದದ್ದು ರಜೆ ಕೇಳಲು! ಆತ ಖರ್ಜೂರ ತಿನ್ನುತ್ತ ಪೂರ್ತಿ ಕೇಳಿ, ಈಗ ಆ ರೈಲು ಎಲ್ಲಿದೆ ಎಂದ. "ಖಲಾಸ್," ಎಂದರು ಮಾಮ್. ಕಫೀಲನ ಕಣ್ಣು ತೇವವಾಯಿತಂತೆ. ರಜೆ ಸಿಗಲಿಲ್ಲ.

ಖೈತಾನಿನ ಅವರ ಫ್ಲಾಟಿನ ಕೆಳಗೆ ಯಾರೇ ಕಾರು ಹೊರತೆಗೆಯಲಿ, ಮಾಮ್ ಬಾಲ್ಕನಿಯಿಂದ ಅಡುಗೆಮನೆಯ ಹಸಿರು ಬಟ್ಟೆ ಬೀಸುತ್ತಾರೆ.

"ಪಾತ್ರೆ ಇಳಿಸ್ಲಿಕ್ಕೆ ಬಟ್ಟೆ ಇಲ್ಲ ಇಲ್ಲಿ!" ಒಳಗಿನಿಂದ ಮಾಮಿ. "ನಿಮ್ಮ ರೈಲು ಹೊರಡುವಾಗ ನನ್ನ ಕೈ ಸುಡ್ತದೆ ಮಾರಾಯ್ರೆ!"

ಮದುವೆಯಾದಂದಿನಿಂದ ಮಾಮಿ ಆ ರೈಲನ್ನು ನಂಬಿದವರಲ್ಲ.

ಕಳೆದ ಶುಕ್ರವಾರ ಊಟಕ್ಕೆ ಮಹಬೂಲಾದಿಂದ ಊರಿನ ಕಡೆಯ ಹೊಸ ಇಂಜಿನಿಯರ್ ಒಬ್ಬ ಬಂದಿದ್ದ. ಮಾಮ್ ಘಟ್ಟದ ಬುಡ ತಲುಪುವಷ್ಟರಲ್ಲಿ ಆತ ಮೊಬೈಲಿನಿಂದ ತಲೆಯೆತ್ತಿದ.

"ಅಂಕಲ್, ಈಗಷ್ಟೇ ಸರ್ಚ್ ಮಾಡಿದೆ. ಕಂಪೆನಿ ಇತ್ತು, ಸರಿ. ಆದ್ರೆ ಎಂಜಿನ್ನೇ ಬರ್ಲಿಲ್ಲ. ಒಂದು ದಿನವೂ ಓಡ್ಲಿಲ್ಲ!"

ಎಲ್ಲರೂ ಗೊಳ್ಳೆಂದರು. ಮಾಮ್ ನಗಲಿಲ್ಲ. ಆಗ ಫ್ಯಾನು ಕೂಡ ನಿಂತುಹೋಯಿತು ಎಂದು ನನಗೆ ಚೆನ್ನಾಗಿ ನೆನಪಿದೆ. ಎಸಿ ಮಾತ್ರ ಇರುವ ಆ ಮನೆಗೆ ಫ್ಯಾನು ಎಲ್ಲಿಂದ ಬಂತೋ! ಮಿರ್ಕಾಬಿನ ಆಫೀಸಿನಲ್ಲಿ ಮಾಮ್ ಬಿಲ್ಲುಗಳಿಗೆ ಸೀಲು ಹೊಡೆಯುವವರು. ಅವರಿಗಿದ್ದ ದೊಡ್ಡಸ್ತಿಕೆಯೆಂದರೆ ಆ ಸ್ಟೇಷನ್ ಮಾಸ್ಟರ್ ಒಬ್ಬನೇ. ರೈಲು ಓಡಿಲ್ಲವೆಂದರೆ ಅದೂ ಹೋಯಿತು.

ಮಾಮಿ ಕೋಳಿಸಾರಿನ ಸೌಟು ಕೆಳಗಿಟ್ಟರು.

"ಓಡ್ಲಿಲ್ವಾ? ಮತ್ತೆ ನನ್ನ ಮುತ್ತಜ್ಜಿ ಬಾಣಂತನಕ್ಕೆ ನಮ್ಮ ತವರುಮನೆಗೆ ಬಂದದ್ದು ಯಾವುದರಲ್ಲಿ? ಗದ್ದೆ ಬದಿಯಲ್ಲೇ ಇಳಿಸಿದ್ದಂತೆ."

ಮಾಮ್ ತಟ್ಟೆಯಿಂದ ಕಣ್ಣೆತ್ತಿದರು. ಅವರಿಗೂ ಇದು ಹೊಸ ಸುದ್ದಿ.

"ಟಿಕೆಟು?" ಎಂದರು ಮೆಲ್ಲಗೆ.

"ನಿಮ್ಮ ಮುತ್ತಜ್ಜನೇ ಕೊಟ್ಟದ್ದಂತೆ. ಕಿಟಕಿ ಹತ್ತಿರ ಜಾಗವೂ ಮಾಡಿಕೊಟ್ರಂತೆ. ತುಂಬಾ ಒಳ್ಳೇ ಜನ ಅಂತೆ." ಮಾಮಿ ಇಂಜಿನಿಯರನತ್ತ ತಿರುಗಿದರು. "ನೀನು ಉಣ್ಣು ಮಗಾ. ಮೊಬೈಲು ಎಲ್ಲಿಗೂ ಹೋಗುದಿಲ್ಲ, ಗರಿಗರಿ ರೊಟ್ಟಿ ಸಾರಲ್ಲಿ ಮೆತ್ತಗಾಗ್ತದೆ."

ಮಾಮಿಯ ತವರು ಇರುವುದು ಹೊಳೆಯಾಚೆ. ಅಷ್ಟು ದೂರಕ್ಕೆ ಮಾಮ್ ಕೂಡ ಎಂದೂ ಹಳಿ ಹಾಕಿರಲಿಲ್ಲ.