ಚಪ್ಪಲಿ ಮೆಟ್ಟಿದ ಮೇಲಿನ ಊಟ

ನಗುವುದೂ ಒಂದು ಕೆಲಸ ಎಂದರೆ ನೀವು ನಂಬಲಿಕ್ಕಿಲ್ಲ. ಹಾಡುವವನಿಗೆ ಹಾರ ಹಾಕುತ್ತಾರೆ, ದಪ್ಪು ಬಾರಿಸುವವನಿಗೆ ಚಹಾ ಕೊಡುತ್ತಾರೆ. ಮುಂದೆ ಕುಳಿತು ಮೊದಲು ನಗುವವಳನ್ನು ಯಾರೂ ಕೇಳುವುದಿಲ್ಲ. ಆದರೆ ನಮ್ಮ ಕಡೆಯ ಮಂದಿಯ ಸ್ವಭಾವ ನನಗೆ ಗೊತ್ತು. ಎಷ್ಟೇ ನಗೆ ಬಂದರೂ ತುಟಿ ಬಿಗಿ ಹಿಡಿದು, ಬೇರೆ ಯಾರಾದರೂ ನಕ್ಕಾರೇನೋ ಎಂದು ಅತ್ತಿತ್ತ ನೋಡುತ್ತಾರೆ. ಒಬ್ಬರು ನಕ್ಕರೆ ಸಾಕು, ಆಮೇಲೆ ಹಿಡಿಯುವವರಿಲ್ಲ. ನನ್ನ ತಮ್ಮನ ಹಾಡಿನ ಮಟ್ಟಿಗೆ ಆ ಒಬ್ಬರು ನಾನು. ನಾಲ್ಕನೇ ತರಗತಿಗೆ ಶಾಲೆ ಬಿಟ್ಟು, ಈಗ ಮಾನ್ವಿಯಲ್ಲಿ ಮನೆಯಲ್ಲೇ ಮಷಿನ್ ಇಟ್ಟುಕೊಂಡು ಕುಪ್ಪಸ ಹೊಲಿಯುವವಳು ನಾನು. ನನಗೆ ಬರುವ ವಿದ್ಯೆ ಎರಡೇ: ಹೊಲಿಗೆ ಮತ್ತು ನಗೆ.

ತಮ್ಮ ಹನುಮೇಶ ದೇವದುರ್ಗದಲ್ಲಿ ಮನೆಗಳಿಗೆ ಬಣ್ಣ ಬಳಿಯುತ್ತಾನೆ. ಏಣಿಯ ಮೇಲೆ ನಿಂತೇ ಹಾಡು ಕಟ್ಟುತ್ತಾನೆ. ದೇವರ ಮೇಲೆ ಹಾಡು ಎಂದರೆ ಅವನಿಗೆ ಆಗುವುದಿಲ್ಲ. ಕಣ್ಣಿಗೆ ಕಂಡವರ ಮೇಲೆಯೇ ಬೇಕು. ದೇವದುರ್ಗ-ಜಾಲಹಳ್ಳಿ ಬಸ್ಸಿನ ಕಂಡಕ್ಟರ್ ಚಿಲ್ಲರೆ ಇಲ್ಲವೆಂದು ಹೇಳುವ ರೀತಿ, ನಮ್ಮ ಪಕ್ಕದ ಮನೆಯ ಗಂಗಮ್ಮನ ಆಡು ಮದುಮಗನ ಹಾರ ತಿಂದದ್ದು, ನನ್ನ ಗಂಡನ ಗೊರಕೆ. ನನ್ನ ಗಂಡ ಅಕ್ಕಿ ಗಿರಣಿಯಲ್ಲಿ ಹಮಾಲಿ. ಗಿರಣಿ ಬಂದ್ ಆದರೂ ಮಾವನ ಗಿರಣಿ ಬಂದ್ ಆಗಲಿಲ್ಲ ಎಂದು ಹಾಡಿದಾಗ ನಾನು ಗಂಡನ ಪಕ್ಕದಲ್ಲೇ ಕುಳಿತು ಹೊಟ್ಟೆ ಹಿಡಿದುಕೊಂಡು ನಕ್ಕಿದ್ದೆ. ಅವರು ಮನೆಗೆ ಬರುವವರೆಗೂ ಮಾತಾಡಲಿಲ್ಲ. ಬಂದಮೇಲೆ ಮಲಗಿ ಗೊರಕೆ ಹೊಡೆದರು.

ಇಂಥ ತಮ್ಮ ರಾಯಚೂರಿನ ಒಂದು ಸ್ಟುಡಿಯೋದಲ್ಲಿ ಆಲ್ಬಮ್ ಮಾಡುವುದಕ್ಕೆ ಹೋದ. ಅರ್ಧ ದಿನ ಕಳೆಯುವುದರೊಳಗೆ ಅವನ ಫೋನು ಬಂತು.

"ಅಕ್ಕಾ, ಈಗಿಂದೀಗ ರಾಯಚೂರಿಗೆ ಬಾ. ಇಲ್ಲಿ ಯಾರೂ ನಗವಲ್ರು. ಗ್ವಾಡಿ ಮುಂದ ನಿಂತು ಹಾಡಿದಂಗ ಆಗಾಕತ್ತದ."

"ಗ್ವಾಡಿಗೆ ಬಣ್ಣ ಬಳದು ರೂಢಿ ಅದ ಅಲ್ಲೋ ನಿನಗ?"

"ನಗಿಚಾಟಿ ಬ್ಯಾಡ ಬೇ, ಬಸ್ ಹತ್ತು!"

ಹೋದೆ. ಬಟ್ಟೆ ಅಂಗಡಿಯ ಮೇಲಿನ ಸಣ್ಣ ಕೋಣೆ, ಗೋಡೆಗೆಲ್ಲ ಮೆತ್ತನೆಯ ಸ್ಪಂಜು. ಅದರೊಳಗೆ ನನ್ನ ತಮ್ಮ ಒಬ್ಬನೇ, ಕಿವಿಗೆ ದೊಡ್ಡ ಹೆಡ್‌ಫೋನು ಸಿಕ್ಕಿಸಿಕೊಂಡು ಬೆವರುತ್ತ ನಿಂತಿದ್ದ. ನಡುವೆ ಗಾಜು. ಗಾಜಿನ ಈಚೆ ರೆಕಾರ್ಡು ಮಾಡುವ ಖಾದರ್ ಸಾಹೇಬರು ನನ್ನನ್ನು ಕುರ್ಚಿಯಲ್ಲಿ ಕೂಡಿಸಿ, "ಇಲ್ಲಿಂದ ಸಪ್ಪಳ ಒಳಗ ಹೋಗಂಗಿಲ್ಲಮ್ಮಾ. ದಿಲ್ ಖುಷ್ ಆಗಂಗ ನಗ್ರಿ, ಆದ್ರ ಟೇಬಲ್ ಬಡೀಬ್ಯಾಡ್ರಿ" ಎಂದರು. ತಮ್ಮ ಗಾಜಿನೊಳಗಿಂದ ನನ್ನ ಮುಖ ನೋಡಿಕೊಂಡು ಹಾಡತೊಡಗಿದ. ಕಂಡಕ್ಟರನ ಹಾಡಿಗೆ ನಕ್ಕೆ, ಆಡಿನ ಹಾಡಿಗೆ ನಕ್ಕೆ, ಗೊರಕೆಯ ಹಾಡಿಗೆ ಟೇಬಲನ್ನೂ ಬಡಿದೆ. ಅವನ ದನಿಗೆ ಜೀವ ಬಂತು.

ಕೊನೆಗೆ ಒಂದು ಹೊಸ ಹಾಡು. ನನಗೂ ಹೇಳದೆ ಕಟ್ಟಿಟ್ಟುಕೊಂಡಿದ್ದ.

ಬಂದಾಗ ನೀರ್ ಕೊಟ್ಟು ಮಾತ್ ಕೊಟ್ಲು ನಮ್ಮಕ್ಕ,
ಕುಂತಾಗ ಊರ್ ಸುದ್ದಿ ಉಣಬಡಿಸಿದ್ಲು ನಮ್ಮಕ್ಕ,
ಚಪ್ಪಲ್ ಮೆಟ್ಟಿ ಅಂಗಳಕ್ ಇಳದ್ ಮ್ಯಾಲ ನಮ್ಮಕ್ಕ,
'ಉಂಡ್ ಹೋಗ್ಬೇಕಿತ್ತಪಾ' ಅಂತ ಕಣ್ಣೀರ್ ತಂದ್ಲು ನಮ್ಮಕ್ಕ!

ಖಾದರ್ ಸಾಹೇಬರು ಕನ್ನಡಕ ತೆಗೆದು ಕಣ್ಣೊರೆಸಿಕೊಂಡು ನಗುತ್ತಿದ್ದರು. ನನಗೆ ಮಾತ್ರ ಮುಖದ ಮೇಲೆ ಗಂಜಿ ಒಣಗಿದ ಹಾಗಾಯಿತು. ಸುಳ್ಳಾಗಿದ್ದರೆ ನಕ್ಕುಬಿಡುತ್ತಿದ್ದೆನೋ ಏನೋ. ಆದರೆ ಅದು ಅಕ್ಷರಶಃ ನಿಜ. ಬಂದವರು ಕುಳಿತಿರುವಾಗ ಮಾತಿನ ಭರದಲ್ಲಿ ನನಗೆ ಊಟದ ನೆನಪೇ ಆಗುವುದಿಲ್ಲ. ಅವರು ಚಪ್ಪಲಿಗೆ ಕಾಲು ತೂರಿಸಿದೊಡನೆ ಎಲ್ಲಿಂದಲೋ ಪ್ರೀತಿ ಉಕ್ಕಿ ಬರುತ್ತದೆ. ನಮ್ಮ ಕಡೆ ಹೆಣ್ಣುಮಗಳಿಗೆ ಏನು ಅಂದರೂ ನಡೆದೀತು, ಉಣ್ಣಲಿಕ್ಕೆ ಹಾಕುವುದಿಲ್ಲ ಎನ್ನಬಾರದು. ಅದನ್ನು ತಾಳ ಹಾಕಿ ಹಾಡಿದರೆ?

ತಮ್ಮ ಹೊರಗೆ ಬಂದು, "ಯಾಕಕ್ಕಾ, ಚಂದ ಇಲ್ಲೇನು?" ಎಂದ.

"ಉಳದವು ಭಾಳ ಚಂದ ಅದಾವ. ಇದು ಯಾಕೋ... ನಗಿ ಬರಂಗಿಲ್ಲ ನೋಡು."

ಅವನು ಖಾದರ್ ಸಾಹೇಬರ ಕಡೆ ತಿರುಗಿದ. "ಸಾಹೇಬ್ರ, ಇದನ್ನ ತಗದುಬಿಡ್ರಿ" ಎಂದ.

"ಏ ಭಾಯಿ, ಇದಽ ಅಸಲಿ ಮಾಲು!"

"ನಮ್ಮಕ್ಕ ನಗಲಿಲ್ಲರೀ" ಎಂದ ತಮ್ಮ. ಅದಕ್ಕಿಂತ ಮೇಲಿನ ಕೋರ್ಟು ಇಲ್ಲ ಎನ್ನುವ ಹಾಗೆ.

ಆಲ್ಬಮ್ ಹೊರಬಂತು. ಆಟೋದಲ್ಲಿ, ಟ್ರ್ಯಾಕ್ಟರಿನಲ್ಲಿ, ಮದುವೆ ಪೆಂಡಾಲಿನಲ್ಲಿ ಅದೇ ಹಾಡುಗಳು. ಹಾಡಿಸಿಕೊಂಡವರು ಜಗಳಕ್ಕೆ ಬರುತ್ತಾರೆಂದು ನಾನು ಕಾದಿದ್ದೆ. ಒಬ್ಬರೂ ಬರಲಿಲ್ಲ. ಕಂಡಕ್ಟರ್ ಬಸ್ಸಿನಲ್ಲಿ ಹಾಡು ಹಚ್ಚಿ, "ಅದು ನಾನಽ ರೀ" ಎಂದು ಎದೆ ತಟ್ಟಿಕೊಳ್ಳುತ್ತಾನಂತೆ. ಚಿಲ್ಲರೆ ಮಾತ್ರ ಈಗಲೂ ಕೊಡುವುದಿಲ್ಲವಂತೆ. ನನ್ನ ಗಂಡ ಗಿರಣಿಯಲ್ಲಿ ಗಣ್ಯ ವ್ಯಕ್ತಿಯಾದರು. ಗಂಗಮ್ಮ ಆಡಿನ ಕೊರಳಿಗೆ ಹೊಸ ಗೆಜ್ಜೆ ಕಟ್ಟಿದಳು. ಒಂದು ದಿನ ಕುಪ್ಪಸದ ಅಳತೆ ಕೊಡಲು ಬಂದು ನಿಂತವಳೇ ಕೇಳಿದಳು:

"ಅಲ್ಲ ಬೇ, ನಿನ್ ತಮ್ಮ ನನ್ ಆಡಿನ ಮ್ಯಾಲ ಹಾಡ್ಯಾನ. ಒಡಹುಟ್ಟಿದ ಅಕ್ಕನ ಮ್ಯಾಲ ಒಂದು ನುಡಿ ಇಲ್ಲಲ್ಲ! ನೀ ಆಡಿಗಿಂತ ಕಡಿಮಿ ಆದೇನು?"

ಸೂಜಿ ನನ್ನ ಬೆರಳಿಗೇ ಚುಚ್ಚಿತು.

ಅದನ್ನಾದರೂ ತಡೆದುಕೊಳ್ಳುತ್ತಿದ್ದೆ. ತಡೆಯಲಾಗದ್ದು ಬೇರೆ. ತಮ್ಮ ಈಗ ಏಣಿಯ ಮೇಲಿಂದಲೇ ದಿನಾ ಫೋನು ಮಾಡಿ ಒಂದೊಂದು ಸಾಲು ಹೇಳಿ, "ಇದಕ್ಕ ನಗಿ ಬಂತೇನಕ್ಕಾ?" ಎಂದು ಕೇಳತೊಡಗಿದ. ನಾನು ನಕ್ಕರೂ, "ಬ್ಯಾಡ ಬಿಡು, ನನಗಽ ತಿಳಿವಲ್ದು ಈಗ" ಎಂದು ಸಾಲನ್ನು ಕೈಬಿಡುತ್ತಿದ್ದ. ಆಮೇಲೆ ಫೋನು ಬರುವುದೂ ನಿಂತಿತು. ಬರೀ ಬಣ್ಣ ಬಳಿಯುತ್ತಾನೆ, ಬಾಯಿ ಬಿಡುವುದಿಲ್ಲ ಎಂದು ಅವನ ಹೆಂಡತಿ ಹೇಳಿದಳು. ಒಂದು ನಗೆ ನುಂಗಿ ಒಬ್ಬ ಹಾಡುಗಾರನ ಬಾಯಿ ಕಟ್ಟಿದ್ದೆ.

ಅವನನ್ನು ಮಾನ್ವಿಗೆ ಕರೆಸಿದೆ. ಬೆಳಿಗ್ಗೆಯೇ ರೊಟ್ಟಿ ಬಡಿದು, ಪುಂಡಿಪಲ್ಯ ಮಾಡಿ ಬಾಗಿಲಲ್ಲಿ ಕಾದು ನಿಂತೆ. ಅವನು ಅಂಗಳಕ್ಕೆ ಕಾಲಿಡುವುದೇ ತಡ, "ಉಣ್ಣು ಬಾ! ಉಣ್ಣು ಬಾ!" ಎಂದು ಕೈ ಹಿಡಿದು ಎಳೆದೆ.

"ಯವ್ವಾ, ಚಪ್ಪಲ್ ಬಿಡಾಕರ ಬಿಡು!"

ಅವನ ಗಂಗಾಳಕ್ಕೆ ರೊಟ್ಟಿ ಹಾಕುತ್ತ, ಎಲ್ಲಾ ಹೇಳಿದೆ. "ಹಾಡು ಚಂದ ಇತ್ತಪಾ. ನಗಿ ಬಂದಿತ್ತು. ಸಿಟ್ಟು ಅದಕ್ಕಿಂತ ಮೊದಲ ಬಂತು."

ಅವನು ತುತ್ತನ್ನು ಕೈಯಲ್ಲೇ ಹಿಡಿದು ನನ್ನನ್ನೇ ನೋಡಿದ. ಬೈಯುತ್ತಾನೆ ಎಂದುಕೊಂಡೆ. "ಈಗ ಹೇಳಿದ್ರ ಏನ್ ಬಂತಕ್ಕಾ? ನೀ ಬಾಗಲದಾಗಽ ಊಟಕ್ಕ ಕರದಿ. ಹಾಡು ಸುಳ್ಳಾತಲ್ಲ!" ಎಂದು ಮುಖ ಸಣ್ಣ ಮಾಡಿಕೊಂಡ.

ಮತ್ತೆ ಉಂಡ. ಹಸಿದಿದ್ದನೋ, ನನ್ನನ್ನು ಕ್ಷಮಿಸಿದ್ದನೋ ತಿಳಿಯದಂತೆ ಉಂಡ. ನಾನು ಊರ ಸುದ್ದಿ ಹೇಳುತ್ತ ಹೋದೆ. ಸಂಜೆ ಬಸ್ಸಿನ ಹೊತ್ತಾಯಿತೆಂದು ಎದ್ದು, ಅಂಗಳಕ್ಕಿಳಿದು ಚಪ್ಪಲಿ ಮೆಟ್ಟಿದ. ದೇವರಾಣೆ, ನಾನು ಬೇಕೆಂದು ಹೇಳಿದ್ದಲ್ಲ. ಬಾಯಿ ತಾನಾಗಿಯೇ ತೆರೆಯಿತು, ಕಣ್ಣಲ್ಲಿ ನೀರೂ ಬಂತು:

"ಇನ್ನೊಂದ್ ರೊಟ್ಟಿ ಉಂಡ್ ಹೋಗ್ಬೇಕಿತ್ತಪಾ..."

ತಮ್ಮ ನಿಂತ. ನನ್ನನ್ನು ನೋಡಿದ. ನಿಧಾನವಾಗಿ ಎರಡೂ ಚಪ್ಪಲಿ ಬಿಟ್ಟು, ಒಳಗೆ ಬಂದು ಚಕ್ಕಳಮಕ್ಕಳ ಹಾಕಿ ಕುಳಿತು, "ಹಾಕ್ ಹಂಗಾರ" ಎಂದ.

ನಾನು ಬುಟ್ಟಿಯ ಮೇಲಿನ ಬಟ್ಟೆ ಸರಿಸಿದೆ. ಒಳಗೆ ಒಂದು ಚೂರು ರೊಟ್ಟಿಯೂ ಇರಲಿಲ್ಲ.

ಇಬ್ಬರೂ ಬುಟ್ಟಿಯನ್ನೇ ನೋಡುತ್ತ ಕುಳಿತೆವು. ಅವನು ತುಟಿ ಬಿಗಿ ಹಿಡಿದು ನನ್ನ ಮುಖವನ್ನೇ ನೋಡುತ್ತಿದ್ದ, ಅಂದು ಗಾಜಿನೊಳಗಿಂದ ನೋಡಿದ ಹಾಗೆ. ಮೊದಲು ನಕ್ಕವಳು ನಾನೇ.