ಭಾವನವರ ಜಪಾನೀ ಗಂಟಲು

ನಮ್ಮ ಭಾವನವರು ಈವರೆಗೆ ಎಷ್ಟು ಸಲ ಸತ್ತಿದ್ದಾರೆಂಬುದು ಸ್ವತಃ ನಮ್ಮಕ್ಕನಿಗೂ ಗೊತ್ತಿಲ್ಲ! ಕತ್ತಿಯಿಂದ, ವಿಷದಿಂದ, ಒಮ್ಮೆ ಸುನಾಮಿಯಿಂದ. ಪ್ರತಿ ಸಲವೂ ಹುಬ್ಬಳ್ಳಿಯಲ್ಲಿ ಸತ್ತು, ಸಂಜೆ ಬಸ್ಸಿಗೆ ದಾಂಡೇಲಿಗೆ ಮರಳಿ, ಬಂಗೂರನಗರದ ಮನೆಯಲ್ಲಿ ಒಂದು ರೊಟ್ಟಿ ಹೆಚ್ಚಿಗೇ ತಿಂದಿದ್ದಾರೆ.

ವಿಷಯ ಇಷ್ಟೆ. ಜಪಾನಿನಲ್ಲಿ ಒಬ್ಬ ನಟನಿದ್ದಾನೆ. ಅವನ ಚಿತ್ರಗಳು ಹುಬ್ಬಳ್ಳಿಯ ಒಂದು ಸ್ಟುಡಿಯೋದಲ್ಲಿ ಕನ್ನಡಕ್ಕೆ ಡಬ್ ಆಗುತ್ತವೆ. ಅಲ್ಲಿ ಅವನಿಗೆ ದನಿ ಕೊಡುವವರು ನಮ್ಮ ಭಾವ. ಆ ಪುಣ್ಯಾತ್ಮನೋ, ಎರಡನೆಯ ದೃಶ್ಯದಲ್ಲೇ ಸಾಯುತ್ತ ಸಾಯುತ್ತ ತಲೆ ನರೆಸಿಕೊಂಡವನು. “ನಮಗ ಇನ್ನೂ ಛಲೋ ಪಾತ್ರ ಸಿಕ್ಕಿಲ್ಲ ನೋಡ” ಎಂದು ಭಾವ ನನ್ನೆದುರು ನಿಟ್ಟುಸಿರಿಡುತ್ತಾರೆ. ಗಮನಿಸಿ, ‘ನಮಗ’! ಆತನಿಗೆ ಇವರು ಭೂಮಿಯ ಮೇಲಿರುವುದೇ ಗೊತ್ತಿಲ್ಲ. ಆದರೆ ಅಲ್ಲಿ ಅವನಿಗೆ ನೆಗಡಿಯೆಂದು ಮೊಬೈಲಿನಲ್ಲಿ ಸುದ್ದಿ ಬಂದರೆ ಇಲ್ಲಿ ಇವರು ಕಷಾಯ ಕುಡಿಯುತ್ತಾರೆ.

ಗಂಟಲ ರಕ್ಷಣೆಗಾಗಿ ಮೊಸರು ಬಂದ್. ಉಪ್ಪಿನಕಾಯಿ ಬಂದ್. ಮನೆಯಲ್ಲಿ ಮಾತೂ ಬಂದ್! ಎರಡು ಬೆರಳೆತ್ತಿದರೆ ಚಹಾ, ಅಂಗೈ ತೋರಿಸಿದರೆ ರೊಟ್ಟಿ. ಹಾಲಿನವನಿಗೆ ‘ನಾಳೆ ಬೇಗ ಬಾ’ ಎಂದು ಕೈಯಾಡಿಸಿದ್ದನ್ನು ಅವನು ‘ನಾಳೆಯಿಂದ ಬೇಡ’ ಎಂದುಕೊಂಡು ವಾರ ಪೂರ್ತಿ ಬರಲೇ ಇಲ್ಲ.

“ಆ ಜಪಾನದಾವಗ ಹೆಂಡ್ತಿ ಅದಾಳೇನ?” ಅಂತ ಅಕ್ಕ ಒಮ್ಮೆ ನನ್ನನ್ನು ಕೇಳಿದಳು. “ಇದ್ರ ಆಕಿಗೂ ಹೀಂಗ ಕೈಸನ್ನೀನ ಏನ?”

ನಡುವೆ ಆ ನಟ ಕಾರ್ಟೂನಿನ ಕೊಕ್ಕರೆಗೆ ದನಿಯಾದ. ಇವರು ಬಿಟ್ಟಾರೆಯೇ? ಅಭ್ಯಾಸಕ್ಕೆಂದು ಬುತ್ತಿ ಸಮೇತ ನಮ್ಮನ್ನೆಲ್ಲ ಅತ್ತಿವೇರಿ ಪಕ್ಷಿಧಾಮಕ್ಕೆ ಹೊರಡಿಸಿದರು. ಕೆರೆಯಂಚಿನಲ್ಲಿ ಒಂದು ಕೊಕ್ಕರೆಯೆದುರು ಕಿವಿಗೆ ಕೈಹಚ್ಚಿ ಕುಳಿತೇ ಕುಳಿತರು. ಕೊನೆಗೆ ಅಲ್ಲಿಯ ಕಾವಲುಗಾರನಿಗೇ ಕನಿಕರ ಬಂತು.

“ಸಾಹೇಬ್ರ, ಎಷ್ಟ ಹೊತ್ತು ಕಾಯ್ತೀರಿ? ಆ ಹಕ್ಕಿ ಕೂಗೂದಿಲ್ರೀ. ಬರೇ ಕೊಕ್ಕು ಬಡೀತೈತಿ.”

ಆಮೇಲೆ ಭಾವ ಮನೆಯಲ್ಲಿ ಹಲ್ಲು ಕಟಕಟಿಸುವ ಅಭ್ಯಾಸ ಶುರುಮಾಡಿದರು. ಕಟ್ಟಿಸಿದ ಹಲ್ಲು ಸಾರಿನ ಬಟ್ಟಲಿಗೆ ಬಿದ್ದ ಮೇಲೆ ಅದು ನಿಂತಿತು.

ಈ ವರ್ಷ ಮಾತ್ರ ಇಬ್ಬರಿಗೂ ದೆಸೆ ತಿರುಗಿತು. ಜಪಾನಿನವನಿಗೆ ಮುದಿತನದಲ್ಲಿ ಮುಖ್ಯಪಾತ್ರ! ಚಿತ್ರ ಮುಗಿಯುವವರೆಗೂ ಸಾಯುವುದಿಲ್ಲ! ಭಾವನ ಕಾಲು ನೆಲದ ಮೇಲಿರಲಿಲ್ಲ. ಆದರೆ ಸ್ಟುಡಿಯೋದವನು ಕರಾರು ಹಾಕಿದ: ಮೊದಲು ಒಂದು ದೃಶ್ಯ ಹೇಳಿ ತೋರಿಸಬೇಕು, ಸರಿಬರದಿದ್ದರೆ ಪಾತ್ರ ಬೇರೆಯವರಿಗೆ. ಸೀರೆ ಕೊಳ್ಳುವ ನೆಪ ಮಾಡಿ ನಾನೂ ಅಕ್ಕನೂ ಹುಬ್ಬಳ್ಳಿಗೆ ಜೊತೆಗೆ ಹೋದೆವು. ಭಾವ ಗಾಜಿನ ಕೋಣೆಯೊಳಗೆ ಮೈಕಿನ ಮುಂದೆ ನಿಂತರು, ನಾವು ಸ್ಟುಡಿಯೋದವನ ಜೊತೆ ಈಚೆ ಕುಳಿತೆವು.

ದೃಶ್ಯದಲ್ಲಿ ಇದ್ದದ್ದು ಒಂದೇ ಮಾತು. ಮುದುಕ ಮನೆಗೆ ಬರುತ್ತಾನೆ, ದೀಪ ಹಚ್ಚಿಲ್ಲ, ಗಾಬರಿಯಿಂದ ಹೆಂಡತಿಯ ಹೆಸರು ಹಿಡಿದು ಕರೆಯುತ್ತಾನೆ: “ಹನಾಕೋ!” ಅಷ್ಟೇ. ಅಷ್ಟೂ ವರ್ಷ ನರಳಿ, ಚೀರಿ, ಬಿಕ್ಕಿ ಸತ್ತ ಗಂಟಲು ಇಲ್ಲಿ ಬಂದು ಮುಗ್ಗರಿಸಿತು! ರೇಷನ್ ಅಂಗಡಿಯಲ್ಲಿ ಹೆಸರು ಕೂಗಿದಂತೆ ಕೂಗಿದರು. ಮತ್ತೆ ಕೂಗಿದರು. ಈ ಸಲ ಪೋಲೀಸರು ಕರೆದಂತಿತ್ತು.

“ಕಾಕಾ, ಮನ್ಯಾಗ ಕಾಕೂನ್ನ ಹೆಂಗ ಕರೀತೀರಿ, ಹಂಗ ಕರೀರಲಾ” ಎಂದ ಸ್ಟುಡಿಯೋದವನು.

ಭಾವ ಗಂಟಲು ಸರಿಮಾಡಿಕೊಂಡು ಮೈಕಿಗೆ ಹೇಳಿದರು: “ಏ! ಎಲ್ಲಿ ಸತ್ತಿ?”

ನಾವು ನಕ್ಕೆವು, ಸ್ಟುಡಿಯೋದವನು ನಗಲಿಲ್ಲ. ನಮ್ಮ ಕಡೆ ಹೆಂಡತಿಯ ಹೆಸರು ಹಿಡಿಯುವ ಪದ್ಧತಿ ಎಲ್ಲಿದೆ? ಪಾಪ, ಬಾಯಿಗೇ ರೂಢಿಯಿಲ್ಲ. “ಇನ್ನೊಂದು ಸಲ ನೋಡೂಣು, ಆಗದಿದ್ರ ಬಿಡ್ರಿ” ಎಂದನವನು. ಭಾವನ ಮುಖ ಬೆವರಿತ್ತು. ಅವರು ಚಿತ್ರದ ಪರದೆಯಿಂದ ಕಣ್ಣು ತೆಗೆದು, ಗಾಜಿನ ಈಚೆ ಬೆಂಚಿನ ಮೇಲೆ ಚೀಲ ತಬ್ಬಿಕೊಂಡು ಕುಳಿತ ಅಕ್ಕನನ್ನು ನೋಡಿದರು. ನೋಡುತ್ತಲೇ ಇದ್ದರು.

“ನೀಲಾ…”

ಸ್ಪೀಕರಿನಿಂದ ಬಂದ ಆ ದನಿ ನನಗೆ ಪರಿಚಯವೇ ಇರಲಿಲ್ಲ. ನಮ್ಮವ್ವ ಹೋದ ಮೇಲೆ ಅಕ್ಕನನ್ನು ಆ ಹೆಸರಿನಿಂದ ಯಾರೂ ಕರೆದಿರಲಿಲ್ಲ. ನನಗವಳು ಅಕ್ಕ, ಮಕ್ಕಳಿಗೆ ಅವ್ವ, ಸೊಸೆಗೆ ಅತ್ತಿ.

“ಇದ ದನಿ ಕಾಕಾ! ಇದ ದನ್ಯಾಗ ಹನಾಕೋ ಅನ್ರಿ, ಪಾತ್ರ ನಿಮ್ದ!” ಎಂದು ಅವನು ಕುರ್ಚಿಯಿಂದಲೇ ಎದ್ದುಬಿಟ್ಟ.

ಅಕ್ಕನಿಗೆ ಅದೊಂದೂ ಕೇಳಿಸಲಿಲ್ಲ. ಆಕೆ ಆಗಲೇ ಎದ್ದಿದ್ದಳು. “ಓ… ಬಂದೆ” ಎಂದಳು. ಬಾಗಿಲ ಮೇಲೆ, ಒಳಗೆ ಯಾರೂ ಬರಬಾರದೆಂಬ ಕೆಂಪು ದೀಪ ಉರಿಯುತ್ತಿತ್ತು. ಅಕ್ಕ ಸೆರಗು ಸರಿಮಾಡಿಕೊಂಡು ಬಾಗಿಲು ತಳ್ಳಿ ಒಳಗೆ ಹೋದಳು.