ನಮ್ಮ ಭಾವನೂ ಅವರ ಅಮೆರಿಕದ ಶಾಸಕನೂ

ನಮ್ಮ ಭಾವ ಒಂದು ಕಾಲಕ್ಕೆ ಅಮೆರಿಕದ ಶಾಸಕರಾಗಿದ್ದರು. ನಗಬೇಡಿ! ಹುಟ್ಟಿದ್ದು ಮೈಸೂರಿನಲ್ಲಿ, ಕೆಲಸ ದೋಹಾದ ಒಂದು ಕಟ್ಟಡ ಕಂಪನಿಯಲ್ಲಿ, ವಾಸ ಓಲ್ಡ್ ಏರ್‌ಪೋರ್ಟ್ ಕಡೆಯ ಫ್ಲ್ಯಾಟಿನಲ್ಲಿ, ಅಮೆರಿಕ ನೋಡಿದ್ದು ಭೂಪಟದಲ್ಲಿ ಮಾತ್ರ. ಆದರೂ ಅವರ ಜೊತೆ ಐದು ನಿಮಿಷ ಕೂತರೆ ಸಾಕು, ಕಳೆದ ಶತಮಾನದ ಆರಂಭದ ಯಾವುದೋ ಶಾಸನಸಭೆಯಲ್ಲಿ ಸಿಕ್ಕಿಬಿದ್ದಂತೆ ಆಗುತ್ತಿತ್ತು. ಬೇಕಾದರೆ ನಮ್ಮ ಅಕ್ಕನನ್ನು ಕೇಳಿ. ಆ ಸಭೆಯ ಏಕೈಕ ವಿರೋಧ ಪಕ್ಷ ಅವಳೇ.

ಇದಕ್ಕೆಲ್ಲ ಕಾರಣ ಒಂದು ಪುಸ್ತಕ. ಭಾವನ ಆಫೀಸಿನ ಅಮೆರಿಕದ ಮ್ಯಾನೇಜರ್ ಒಬ್ಬ ಊರಿಗೆ ಹೊರಟಾಗ ಮನೆಯ ಸಾಮಾನನ್ನೆಲ್ಲ ಹಂಚಿಬಿಟ್ಟ. ಉಳಿದವರು ಸೋಫಾ, ಮೈಕ್ರೋವೇವ್ ಹೊತ್ತುಕೊಂಡು ಬಂದರೆ ನಮ್ಮವರು ತಂದದ್ದು ಆತನ ಊರಿನ ಹಳೇ ಶಾಸಕನೊಬ್ಬನ ಜೀವನಚರಿತ್ರೆ! ಮುಖಪುಟದ ತುಂಬ ಮೀಸೆ. ಅಮೆರಿಕದವರೇ ಮರೆತುಬಿಟ್ಟ ಆಸಾಮಿ. ಜೋಳದ ಹೊಲದ ಪಕ್ಕ ಹುಟ್ಟಿ, ಹಳ್ಳಿ ಶಾಲೆಯಲ್ಲಿ ಮೇಷ್ಟ್ರಾಗಿ, ಬಿತ್ತನೆ ಬೀಜ ಮಾರಿ, ಕಾನೂನು ಓದಿ, ಎರಡು ಸಲ ಚುನಾವಣೆಯಲ್ಲಿ ಸೋತು, ಮೂರನೆಯ ಸಲ ಕುದುರೆಗಾಡಿಯಲ್ಲಿ ಮನೆಮನೆ ತಿರುಗಿ ಗೆದ್ದವನು. ಗೆದ್ದು ಕಡಿದು ಕಟ್ಟೆ ಹಾಕಿದ್ದೇನು ಅಂತೀರಾ? ಸುಗ್ಗಿಯ ಕಾಲಕ್ಕೆ ಹಳ್ಳಿ ಶಾಲೆಗಳನ್ನು ಮುಚ್ಚಬೇಕು ಎಂಬ ಮಸೂದೆ ಬಂದಾಗ ಎದ್ದು ನಿಂತು ಮಾತಿಗೆ ಶುರುಮಾಡಿದವನು ಅಧಿವೇಶನದ ವೇಳೆ ಮುಗಿಯುವವರೆಗೂ ಕೂರಲೇ ಇಲ್ಲವಂತೆ. ಮತಕ್ಕೆ ಹಾಕಲು ಹೊತ್ತೇ ಉಳಿಯದೆ ಮಸೂದೆ ಬಿದ್ದುಹೋಯಿತು. ಮುಂದಿನ ಚುನಾವಣೆಯಲ್ಲಿ ಇವನೂ ಬಿದ್ದ.

"ಗೆಲ್ಲೋದಕ್ಕೆ ವೋಟು ಬೇಕಾಗಿಲ್ಲ ಕಣೇ, ಗಂಟಲು ಬೇಕು!" ಎನ್ನುತ್ತಿದ್ದರು ಭಾವ ನನಗೆ.

ಆ ಗಂಟಲಿನ ಮೊದಲ ಪ್ರಯೋಗ ಉಪ್ಪಿಟ್ಟಿನ ಮೇಲೆ. ದೋಹಾದಲ್ಲಿ ರಜೆ ಶುಕ್ರವಾರ, ಶನಿವಾರ. ಭಾನುವಾರ ಎಲ್ಲರೂ ಕೆಲಸಕ್ಕೆ ಓಡುವ ದಿನ, ಅಕ್ಕನ ಮನೆಯಲ್ಲಿ ಉಪ್ಪಿಟ್ಟಿನ ದಿನ. ಭಾವ ತಟ್ಟೆಯ ಮುಂದೆ ಎದ್ದು ನಿಲ್ಲುವರು.

"ಮಾನ್ಯ ಅಧ್ಯಕ್ಷರೇ, ಉಪ್ಪಿಟ್ಟು ನಿಷೇಧ ಮಸೂದೆಯನ್ನು ಮಂಡಿಸುತ್ತಿದ್ದೇನೆ!"

"ತಣ್ಣಗಾಗತ್ತೆ, ತಿನ್ನಿ."

"ಚರ್ಚೆಗೆ ಅವಕಾಶ ಕೊಡಬೇಕು!"

"ಚಟ್ನಿ ಕೊಡ್ತೀನಿ. ತಿನ್ನಿ."

ಮಸೂದೆ ಮುಂದಿನ ವಾರಕ್ಕೆ ಹೋಗುತ್ತಿತ್ತು. ವರ್ಷಗಟ್ಟಲೆ ಹೀಗೇ ನಡೆಯಿತು.

ಇನ್ನೊಂದು ಸಲ ಅವರ ಬಿಲ್ಡಿಂಗಿನಲ್ಲಿ ಕಾರ್ ನಿಲ್ಲಿಸುವ ಜಾಗಕ್ಕೆ ದಿನವೂ ಜಗಳ. ಒಬ್ಬ ಪ್ರತಿನಿಧಿ ಬೇಕು ಎಂದು ಹೊರಟವರು ಭಾವ, ಅಭ್ಯರ್ಥಿ ಭಾವ, ಲಿಫ್ಟಿನೊಳಗೆ ನಿಂತು ಹತ್ತಿದವರಿಗೆಲ್ಲ ಭಾಷಣ ಬಿಗಿದವರೂ ಭಾವ. ಎದುರಾಳಿ ಯಾರೂ ಇಲ್ಲ. ಆದರೂ ಸೋತರು! ಹೇಗೆ ಅಂದಿರಾ? ಪ್ರತಿನಿಧಿಯೇ ಬೇಡ ಎಂದು ಎಲ್ಲರೂ ತೀರ್ಮಾನಿಸಿದರು. ಸಮಾಧಾನ ಹೇಳೋಣವೆಂದು ನಾನು ಅದೇ ಊರಿನ ಅಲ್ ಮುಂತಜಾ ಬಡಾವಣೆಯ ನನ್ನ ಮನೆಯಿಂದ ಓಡಿ ಬಂದರೆ, ಈ ಮಹಾರಾಯರು ಮನೆಮನೆಗೆ ಹಲ್ವ ಹಂಚುತ್ತಿದ್ದಾರೆ. "ಅವರೂ ಮೊದಲ ಸಲ ಸೋತಿದ್ರು ಕಣೇ!"

ಹೀಗಿರುವಾಗ ದೋಹಾಕ್ಕೆ ಫುಟ್‌ಬಾಲ್ ವರ್ಲ್ಡ್ ಕಪ್ ಬಂತು. ಊರಿಗೆ ಊರೇ ಬಾವುಟ ಹೊದ್ದು ಕೂತಿತ್ತು. ನಮ್ಮ ಕನ್ನಡದವರ ಕೂಟಕ್ಕೆ ರಾಜ್ಯೋತ್ಸವ ಮಾಡಲು ಹಾಲ್ ಸಿಕ್ಕಿದ್ದು ಒಂದು ಶುಕ್ರವಾರ ಬೆಳಗ್ಗೆ ಮಾತ್ರ. ಮಧ್ಯಾಹ್ನದ ಮ್ಯಾಚಿಗೆ ಎಲ್ಲರೂ ಟೀವಿ ಮುಂದೆ ಇರಬೇಕಲ್ಲ! ಏನಾದರೂ ಒಂದನ್ನು ಕೈಬಿಡಲೇಬೇಕು. ಕತ್ತರಿ ಬೀಳುವುದು ಅಕ್ಕ ಮಾಡಿಸುವ ಮಕ್ಕಳ ನಾಟಕಕ್ಕೆ ಎಂಬ ಸುದ್ದಿ ಹಬ್ಬಿತು. "ಅಜ್ಜಿ, ಊಟ ಆಯ್ತಾ?" ಎನ್ನಲೂ ತಡವರಿಸುತ್ತಿದ್ದ ಇಂಗ್ಲಿಷ್ ಮೀಡಿಯಂ ಮಕ್ಕಳನ್ನು ಕೂಡಿಹಾಕಿಕೊಂಡು, ಇಡೀ ವರ್ಷ ಕನ್ನಡ ಕಲಿಸಿ, ತಾನೇ ಬರೆದು ಆಡಿಸುತ್ತಿದ್ದ ನಾಟಕ ಅದು. ಸುದ್ದಿ ಕೇಳಿದ ಅಕ್ಕ ತಾನೇ ಹೊಲಿದ ಮಕ್ಕಳ ಬಟ್ಟೆಗಳನ್ನು ಮಡಚಿ ಬೀರುವಿನ ಮೇಲಿಟ್ಟಳು. ಭಾವ ಅದನ್ನು ನೋಡಿದರು. ನಾನೂ ನೋಡಿದೆ.

ನಮ್ಮ ಕಮಿಟಿ ಮೀಟಿಂಗಿನ ಪದ್ಧತಿ ನಿಮಗೆ ಗೊತ್ತಿರಬೇಕು. ಅಲ್ಲಿ ವೋಟು ಗೀಟು ಏನೂ ಇಲ್ಲ. ಊಟದ ಪಾತ್ರೆಯ ಮುಚ್ಚಳ ತೆಗೆಯುವಾಗ ಯಾವ ಮಾತು ನಡೆಯುತ್ತಿರುತ್ತದೋ ಅದೇ ತೀರ್ಮಾನ. ಮುಚ್ಚಳ ತೆಗೆದ ಮೇಲೆ ಬ್ರಹ್ಮ ಬಂದರೂ ಚರ್ಚೆ ಇಲ್ಲ! ಹುಬ್ಬಳ್ಳಿಯ ನಮ್ಮ ಅಧ್ಯಕ್ಷರು ಘಾಟಿ ಮನುಷ್ಯ. ನಾಟಕದ ವಿಷಯ ಎತ್ತಿದ್ದೇ ಊಟಕ್ಕೆ ಹತ್ತು ನಿಮಿಷವಿರುವಾಗ. "ಹುಡುಗರ ನಾಟಕ ಮುಂದಿನ ವರ್ಷ ಮಾಡೂಣಂತ. ಎಲ್ಲಾರೂ ಒಪ್ಪೀರಿಲ್ಲೋ?"

ಭಾವ ಎದ್ದು ನಿಂತರು. "ಅಧ್ಯಕ್ಷರೇ, ಒಬ್ಬ ಶಾಸಕನ ಕತೆ ಹೇಳ್ತೀನಿ."

ಹತ್ತು ನಿಮಿಷ ತಾನೇ ಅಂದುಕೊಂಡರು ಎಲ್ಲರೂ. ಜೋಳದ ಹೊಲ ಮುಗಿಯಿತು, ಮೇಷ್ಟರ ಕೆಲಸ ಮುಗಿಯಿತು, ಊಟದ ಸುಳಿವಿಲ್ಲ. ಮಂಗಳೂರಿನ ಕಾರ್ಯದರ್ಶಿ ಫೋನ್ ಹಿಡಿದು ಬಂದರು. "ವ್ಯಾನ್ ದಾರಿಯಲ್ಲೇ ಉಂಟಂತೆ ಮಾರಾಯ್ರೇ! ಯಾವುದೋ ದೇಶದ ಟೀಮಿನ ಬಸ್ ಹೋಗ್ಲಿಕ್ಕೆ ರೋಡ್ ಬಂದ್!"

ಭಾವ ಒಂದು ಗುಟುಕು ನೀರು ಕುಡಿದರು. "ಹಾಗಾದರೆ ಎರಡನೇ ಸೋಲಿನ ವಿವರಕ್ಕೆ ಬರೋಣ."

"ಖಲಾಸ್ ಮಾಡ್ರೀ ಸರ!" ಅಧ್ಯಕ್ಷರು ಕೈಮುಗಿದರು. "ಮಂದಿಗೆ ಹಸಿವಾಗೈತಿ."

"ನಾನಿನ್ನೂ ಕೂತಿಲ್ಲ ಅಧ್ಯಕ್ಷರೇ!"

ಗೆಲುವು ಆಯಿತು, ಶಾಲೆಯ ಮಸೂದೆ ಆಯಿತು. ಭಾವನ ದನಿ ಗೊಗ್ಗರಾಯಿತು. ಶಾಸಕ ಸತ್ತ, ಅವನನ್ನು ಹೂಳಿದ್ದೂ ಆಯಿತು. ವ್ಯಾನ್ ಮಾತ್ರ ಬರಲಿಲ್ಲ! ಮುಗೀತಲ್ಲ ಕತೆ, ಇನ್ನೇನು ಹೇಳುತ್ತಾರೆ? ಅಧ್ಯಕ್ಷರು ಬಾಯಿ ತೆರೆದೇಬಿಟ್ಟರು. ನನ್ನ ಜೀವ ಬಾಯಿಗೆ ಬಂತು.

"ಆತನ ಹೆಂಡತಿ..." ಎಂದರು ಭಾವ. "ಆಕೆ ವಿಷಯ ಪುಸ್ತಕದಲ್ಲಿರೋದು ಒಂದೇ ಸಾಲು. ಉಳಿದದ್ದು ನಾನು ಹೇಳ್ತೀನಿ. ಪ್ರತಿ ಶುಕ್ರವಾರ ಬೆಳಗ್ಗೆ ಆಕೆ ಹಾಲ್‌ನಲ್ಲಿದ್ದ ಸೋಫಾನ ಗೋಡೆಗೆ ಸರಿಸಿ, ಜಮಖಾನ ಹಾಸಿ, ಯಾರದೋ ಮಕ್ಕಳನ್ನ ಕೂರಿಸ್ಕೊಂಡು ಅಕ್ಷರ ತಿದ್ದಿಸ್ತಿದ್ಲು. ಗಂಡ ಒಳಗೆ ಹೊದ್ದು ಮಲಗಿರ್ತಿದ್ದ. ಒಂದು ದಿನಾನೂ ಎದ್ದು ಆ ಸೋಫಾಗೆ ಕೈ ಹಾಕಲಿಲ್ಲ."

"ಅಮೆರಿಕಾದಾಗ ಶುಕ್ರವಾರ ಎಲ್ಲಿ ಸೂಟಿ ಇರ್ತೈತ್ರೀ?" ಎಂದರು ಅಧ್ಯಕ್ಷರು.

ಎಲ್ಲರೂ ತಿರುಗಿ ನೋಡಿದರು. ಹಿಂದುಗಡೆ ಪೇಪರ್ ತಟ್ಟೆ ಜೋಡಿಸುತ್ತಿದ್ದ ಅಕ್ಕ ತಲೆ ತಗ್ಗಿಸಿ ನಿಂತಿದ್ದಳು.

"ಇತ್ತು ಅಧ್ಯಕ್ಷರೇ," ಎಂದರು ಭಾವ. "ಆ ಮನೇಲಿ ಇತ್ತು. ಆಕೆಗೆ ಮಾತ್ರ ರಜಾ ಇರ್ಲಿಲ್ಲ."

ಆಗ ಕೆಳಗೆ ವ್ಯಾನಿನ ಹಾರ್ನ್ ಕೇಳಿತು! ಬಿಸಿಬೇಳೆಬಾತಿನ ಪಾತ್ರೆ ಮೇಜಿನ ಮೇಲೆ ಕೂತಿತು. ಭಾವ ಉಳಿದಿದ್ದ ದನಿಯನ್ನೆಲ್ಲ ಒಟ್ಟುಗೂಡಿಸಿ, "ಮಕ್ಕಳ ನಾಟಕವೇ ಮೊದಲು!" ಎಂದರು. ತಾವೇ ಮುಚ್ಚಳ ತೆಗೆದೇಬಿಟ್ಟರು. ಮೊದಲು ತಟ್ಟೆ ಹಿಡಿದವರು ಅಧ್ಯಕ್ಷರೇ. ಕಣ್ಣೊರೆಸಿಕೊಂಡು, "ಆತ್ ಬಿಡ್ರಿ, ನಾಟಕಾನ ಮೊದಲ!" ಎಂದರು.

ನಾಟಕ ಭರ್ಜರಿಯಾಗಿ ನಡೆಯಿತು. ಮ್ಯಾಚ್ ಶುರುವಾದರೂ ಜನ ಚಪ್ಪಾಳೆ ನಿಲ್ಲಿಸಲಿಲ್ಲ. ಆದರೆ ನನ್ನ ಮನಸ್ಸಿನಲ್ಲಿ ಉಳಿದದ್ದು ಆ ಮೀಟಿಂಗ್ ಆದ ಮೇಲಿನ ಭಾನುವಾರ.

ಆಫೀಸಿಗೆ ಹೋಗುವ ಮುಂಚೆ ಶುಂಠಿ ಕಷಾಯ ಹಿಡಿದು ಅವರ ಮನೆಗೆ ಹೋದೆ. ಭಾವನ ಗಂಟಲು ಪೂರ್ತಿ ಮುಚ್ಚಿತ್ತು, ಒಂದು ಅಕ್ಷರ ಹೊರಡದು. ಅಕ್ಕ ಅವರ ಮುಂದೆ ತಟ್ಟೆ ಇಟ್ಟಳು. ಹೊಂಬಣ್ಣದ ಮಸಾಲೆ ದೋಸೆ!

"ನಿಮ್ಮ ಮಸೂದೆ ಪಾಸಾಯ್ತು. ಇನ್ಮೇಲೆ ಈ ಮನೇಲಿ ಉಪ್ಪಿಟ್ಟಿಲ್ಲ," ಎಂದಳು. ನಗಲು ಹೋದಳು, ಆಗಲಿಲ್ಲ.

ಭಾವ ಎದ್ದು ನಿಂತರು. ಕೈ ಎತ್ತಿ ಅಡ್ಡಡ್ಡ ಆಡಿಸಿದರು. ಅಡುಗೆಮನೆಗೆ ಹೋಗಿ ರವೆ ಡಬ್ಬ ತಂದು ಅಕ್ಕನ ಕೈಗಿಟ್ಟರು. ಅಕ್ಕ ಡಬ್ಬವನ್ನು ಎದೆಗವಚಿಕೊಂಡು ಅತ್ತುಬಿಟ್ಟಳು.

ಆ ಬೆಳಗ್ಗೆ ದೋಸೆ ತಿಂದವಳು ನಾನೊಬ್ಬಳೇ. ಅವರಿಬ್ಬರೂ ಒಂದೇ ತಟ್ಟೆಯಲ್ಲಿ ಉಪ್ಪಿಟ್ಟು ತಿಂದರು.